ಬೆನ್ನಿಗೆ ಮಣ್ಣು ಹತ್ತಿಸಿಕೊಂಡ ಪೈಲ್ವಾನ

ಟೆಂಟಿನ ಪರದೆ ಮೇಲೆ ಹೊಡೆದಾಟ ಶುರುವಾದರೆ ನೆಲದ ಮೇಲೆ ಕೂತ ಜನವೆಲ್ಲ ಸೀಟಿ ಹೊಡೆಯುತ್ತಿತ್ತು. ನಮ್ಮ ದೊಡ್ಡಪ್ಪ ಮಾತ್ರ ಬೈಯುತ್ತಿದ್ದ.

'ಲೇ, ಅಷ್ಟು ದೊಡ್ಡ ಆಳು ಆ ಹೊಡೆತಕ್ಕೆ ಬೀಳ್ತಾನೇನಲೇ? ಕಾಲು ಎಲ್ಲಿ ಊರ್‍ಯಾನ ನೋಡು, ಕಾಲು! ಆನೆ ಬಂದು ದೂಡಿದ್ರೂ ಅಲ್ಲಾಡಂಗಿಲ್ಲ ಇಂವ.'

ಅವನು ಹೇಳುತ್ತಿದ್ದುದು ಎಂ.ಪಿ. ಶಂಕರ್ ಅವರನ್ನು ಕುರಿತು. ಚಿತ್ರದ ಹೆಸರು ಇಲ್ಲಿ ಮುಖ್ಯವಲ್ಲ. ಆ ಕಾಲದ ಎಷ್ಟೋ ಚಿತ್ರಗಳಲ್ಲಿ ಇರುತ್ತಿದ್ದ ದೃಶ್ಯವೇ ಅದು. ತೆಳ್ಳನೆಯ ನಾಯಕ, ಎದುರಿಗೆ ಅವನ ಎರಡರಷ್ಟು ಅಗಲದ ಆಸಾಮಿ. ಎರಡೇಟು ತಿಂದ ನಾಯಕ ಮೂರನೆಯದಕ್ಕೆ ಕೈ ಹಿಡಿದು ತಿರುವಿದರೆ ಆ ಬೆಟ್ಟದಂಥ ಮೈ ಗಾಳಿಯಲ್ಲಿ ಒಂದು ಸುತ್ತು ಹಾಕಿ ದೊಪ್ಪೆಂದು ಬೀಳುತ್ತಿತ್ತು. ಹುಡುಗರಿಗೆ ಹಬ್ಬ. ದೊಡ್ಡಪ್ಪನಿಗೆ ಸಂಕಟ. ಅವನು ಹರೆಯದಲ್ಲಿ ಗರಡಿಯಲ್ಲಿ ಮಟ್ಟಿ ಹೊಡೆದವನು, ಜಾತ್ರೆಯ ಕುಸ್ತಿಯಲ್ಲಿ ಬೆಳ್ಳಿ ಕಡಗ ತಂದವನು. ಬಿದ್ದವನ ಬೆನ್ನು ಮಣ್ಣಿಗೆ ತಾಗಿತೋ ಇಲ್ಲವೋ ಎಂದು ನೋಡುವ ಕಣ್ಣು ಅವನದು. ಸಿನಿಮಾದಲ್ಲೂ ಅದನ್ನೇ ನೋಡುತ್ತಿದ್ದ. ಮನೆಗೆ ಬರುವಾಗ ದಾರಿಯುದ್ದಕ್ಕೂ ಅದೇ ಮಾತು. 'ಅಂಥ ಪೈಲ್ವಾನನ್ನ ಬರೀ ಕೆಡವಾಕ ಇಟ್ಟಾರಲ್ಲ.'

ನಮ್ಮ ಸಾಸ್ವೆಹಳ್ಳಿ ಎಂದರೆ ಈಗ ಹೊರಗಿನವರಿಗೆ ಏತ ನೀರಾವರಿ ಯೋಜನೆಯ ಹೆಸರು. ಆಗ ಅದು ಹೊನ್ನಾಳಿ ತಾಲ್ಲೂಕಿನ ಒಂದು ಹೋಬಳಿ ಊರು. ನಾವೆಲ್ಲ ಶಿವಮೊಗ್ಗ ಜಿಲ್ಲೆಯವರು. ದಾವಣಗೆರೆ ಜಿಲ್ಲೆ ಆಗಿ ನಾವು ಅದಕ್ಕೆ ಸೇರಿದ್ದು 1997ರಲ್ಲಿ. ಸುಗ್ಗಿ ಮುಗಿದು ಜನರ ಕೈಯಲ್ಲಿ ನಾಲ್ಕು ಕಾಸು ಓಡಾಡುವ ಹೊತ್ತಿಗೆ ನಮ್ಮ ಸೀಮೆಯ ಊರುಗಳಿಗೆ ಟೂರಿಂಗ್ ಟಾಕೀಸು ಬರುತ್ತಿತ್ತು. ನೆಲ, ಬೆಂಚು, ಕುರ್ಚಿ ಎಂದು ಮೂರು ದರ್ಜೆ, ಹೆಂಗಸರ ಕಡೆಗೆ ಒಂದು ಅಡ್ಡ ಬಟ್ಟೆ. ಒಂದೇ ಪ್ರೊಜೆಕ್ಟರ್ ಆದ್ದರಿಂದ ರೀಲು ಬದಲಿಸುವಾಗೆಲ್ಲ ಬೀಡಿ ಸೇದಲು ಬಿಡುವು. ಆಟ ಶುರುವಾಗುವ ಮುಂಚೆ ಘಂಟಸಾಲ ದನಿಯ ವೆಂಕಟೇಶ ಸ್ತುತಿ ಗದ್ದೆಬಯಲು ದಾಟಿ ಕೇಳಿಸುತ್ತಿತ್ತು. ಅದು ಮುಗಿಯುವುದರೊಳಗೆ ಟೆಂಟು ಮುಟ್ಟಬೇಕು. ಈ ಘಂಟಸಾಲ ಮುಂದೆ ನಮ್ಮ ಕಥೆಯಲ್ಲಿ ಇನ್ನೊಮ್ಮೆ ಬರುತ್ತಾರೆ.

'ಹೊನ್ನಾಳಿ ಹೊಡೆತ' ಎಂಬ ಮಾತು ನಾಡಿಗೆಲ್ಲ ಗೊತ್ತು. ಹೋರಿ ಬೆದರಿಸುವ ಅಖಾಡಕ್ಕೂ ಜಾತ್ರೆಯ ಕುಸ್ತಿಗೂ ಜನ ಮುಗಿಬೀಳುವ ಸೀಮೆ ಇದು. ಇಂಥ ಕಡೆ ಹೊಡೆದಾಟದ ಚಿತ್ರವನ್ನು ಬರೀ ಮನರಂಜನೆ ಎಂದು ನೋಡುವವರು ಕಡಿಮೆ. ತೀರ್ಪು ಕೊಡುತ್ತಾರೆ. ದೊಡ್ಡಪ್ಪನದು ತೀರ್ಪೇ. ಅವನ ತೀರ್ಪಿನ ಪ್ರಕಾರ ಎಂ.ಪಿ. ಶಂಕರ್ ಎಂಬವರು ಕನ್ನಡ ಚಿತ್ರರಂಗದಲ್ಲಿ ಸೋಲಲು ಸಂಬಳ ಪಡೆದ ನಿಜವಾದ ಪೈಲ್ವಾನ. ಆ ಮಾತನ್ನು ನಾನು ಬಹಳ ವರ್ಷ ತಮಾಷೆ ಎಂದುಕೊಂಡಿದ್ದೆ.

ಶಂಕರ್ ಹುಟ್ಟಿದ್ದು ಮೈಸೂರಿನಲ್ಲಿ, 1935ರ ಆಗಸ್ಟ್ 20ರಂದು. ಮೈಸೂರು ಆಗ ಓಣಿಗೊಂದು ಗರಡಿಮನೆ ಇದ್ದ ಊರು. ವಿಜಯದಶಮಿಯ ದಿನ ಅರಮನೆಯಲ್ಲಿ ಜಟ್ಟಿಗಳ ವಜ್ರಮುಷ್ಟಿ ಕಾಳಗ ನಡೆಯದೆ ದಸರಾ ಮೆರವಣಿಗೆ ಹೊರಡುತ್ತಿರಲಿಲ್ಲ. ಗರಡಿ ಎಂದರೆ ಅಲ್ಲಿ ವ್ಯಾಯಾಮದ ಜಾಗ ಎಂದಷ್ಟೇ ಅರ್ಥವಲ್ಲ. ಹನುಮಂತನಿಗೆ ಕೈಮುಗಿದು, ಕೆಮ್ಮಣ್ಣನ್ನು ಹದ ಮಾಡಿ, ಉಸ್ತಾದರ ಕಾಲು ಮುಟ್ಟಿ ಒಳಗಿಳಿಯುವ ಜಾಗ. ಅಲ್ಲಿ ತಾಲೀಮು ಮಾಡಿ ಕುಸ್ತಿ ಆಡಿದ ಮೈಯನ್ನು ಹೊತ್ತುಕೊಂಡೇ ಶಂಕರ್ ಸಿನಿಮಾಕ್ಕೆ ಬಂದರು. 1962ರ 'ರತ್ನಮಂಜರಿ' ಮೊದಲ ಚಿತ್ರ. ನಿರ್ದೇಶಕರು ಹುಣಸೂರು ಕೃಷ್ಣಮೂರ್ತಿ, ನಾಯಕ ಉದಯಕುಮಾರ್. ಕತ್ತಿ, ಕುದುರೆ, ರಾಜಕುಮಾರಿ ಇರುವ ಜಾನಪದ ಚಿತ್ರ.

ಆ ದಶಕದ ಕನ್ನಡ ಚಿತ್ರರಂಗ ಕೆಲವೇ ಬಗೆಯ ಕಥೆಗಳ ಮೇಲೆ ನಿಂತಿತ್ತು. ಪೌರಾಣಿಕ, ಭಕ್ತಿ, ಜಾನಪದ, ಐತಿಹಾಸಿಕ. ಆಮೇಲೆ 1968ರಲ್ಲಿ ದೊರೈ-ಭಗವಾನ್ 'ಜೇಡರ ಬಲೆ' ತೆಗೆದು ರಾಜ್‌ಕುಮಾರ್ ಅವರನ್ನು ಸಿಐಡಿ 999 ಮಾಡಿದ ಮೇಲೆ ಪತ್ತೇದಾರಿ ಚಿತ್ರಗಳ ಸಾಲು. ಬಗೆ ಯಾವುದಾದರೂ ಇವುಗಳಿಗೆಲ್ಲ ಬೇಕಾದ ಸಾಮಾನು ಒಂದೇ ತರಹದ್ದು. ರಾಕ್ಷಸ ಬೇಕು, ಸೇನಾಪತಿ ಬೇಕು, ಕಳ್ಳಸಾಗಣೆಗಾರನ ಬಲಗೈ ಬಂಟ ಬೇಕು. ನಾಯಕನ ಮುಂದೆ ಬಂದು ನಿಂತರೆ ನೋಡುವವನ ಎದೆ ಝಲ್ಲೆನ್ನಬೇಕು, ಕಡೆಯ ರೀಲಿನಲ್ಲಿ ಬಿದ್ದರೆ ನಾಯಕನ ಬೆಲೆ ಏರಬೇಕು. ತಕ್ಕಡಿಯಲ್ಲಿ ಬೆಲ್ಲ ತೂಗಬೇಕಾದರೆ ಇನ್ನೊಂದು ತಟ್ಟೆಗೆ ಕಬ್ಬಿಣದ ಕಲ್ಲು ಇಡಬೇಕಲ್ಲ, ಆ ಕಲ್ಲಿನ ಕೆಲಸ. ಕಲ್ಲನ್ನು ಯಾರೂ ಮನೆಗೆ ಕಟ್ಟಿಸಿಕೊಂಡು ಹೋಗುವುದಿಲ್ಲ. ಅದಿಲ್ಲದೆ ಅಂಗಡಿಯೂ ನಡೆಯುವುದಿಲ್ಲ.

ಗರಡಿಯಿಂದ ಬಂದವನಿಗೆ ಇದು ಬಹಳ ವಿಚಿತ್ರ ಕೆಲಸ. ಕುಸ್ತಿಯಲ್ಲಿ ಬೆನ್ನು ಮಣ್ಣಿಗೆ ತಾಗುವುದೆಂದರೆ ಮುಗಿಯಿತು. ಚಿತ್ ಆದವನು ಮೇಲೆದ್ದು ಮೈಗೆ ಹತ್ತಿದ ಮಣ್ಣು ಒರೆಸಿಕೊಂಡು ತಲೆತಗ್ಗಿಸಿ ಹೋಗುತ್ತಾನೆ. ಬೆನ್ನಿಗೆ ಮಣ್ಣು ಹತ್ತಿರುವುದನ್ನು ಊರು ಒಂದು ವರ್ಷ ಆಡಿಕೊಳ್ಳುತ್ತದೆ. ಅದಕ್ಕೇ ಪೈಲ್ವಾನ ಕಲಿಯುವ ಪಟ್ಟುಗಳಲ್ಲಿ ಅರ್ಧ ಎದುರಾಳಿಯನ್ನು ಕೆಡವುವುದಕ್ಕಾದರೆ ಇನ್ನರ್ಧ ತಾನು ಬಿದ್ದರೂ ಬೆನ್ನು ತಾಗದಂತೆ ಹೊರಳುವುದಕ್ಕೆ. ಸಿನಿಮಾಕ್ಕೆ ಬೇಕಾದದ್ದು ಇದರ ತಿರುಗುಮುರುಗು. ಚೆನ್ನಾಗಿ ಬೀಳಬೇಕು, ಅಂಗಾತ ಬೀಳಬೇಕು, ಕ್ಯಾಮೆರಾಕ್ಕೆ ಬೆನ್ನು ತಾಗಿದ್ದು ಕಾಣುವಂತೆ ಬೀಳಬೇಕು. ಸರಿಹೋಗದಿದ್ದರೆ ಇನ್ನೊಂದು ಟೇಕ್, ಇನ್ನೊಂದು ಬೀಳು. ಏಟಿನ ಸದ್ದು ಆಮೇಲೆ ಡಬ್ಬಿಂಗಿನಲ್ಲಿ ಸೇರುತ್ತದೆ, ಬಿದ್ದ ಮೈಯ ನೋವು ಮಾತ್ರ ಅಲ್ಲೇ ಆಗುತ್ತದೆ. ಮತ್ತೆ ಬಿದ್ದವನು ಎದುರಿಗಿನವನಿಗೆ ಪೆಟ್ಟಾಗದಂತೆಯೂ ಬೀಳಬೇಕು, ಏಕೆಂದರೆ ನಾಯಕನ ಕಾಲು ಉಳುಕಿದರೆ ಇಡೀ ಚಿತ್ರದ ಶೂಟಿಂಗ್ ನಿಲ್ಲುತ್ತದೆ. ಹೀಗೆ ಎರಡು ಮೈಗಳ ಹೊಣೆ ಹೊತ್ತು ಬೀಳುವುದಕ್ಕೆ ಗೆಲ್ಲುವುದಕ್ಕಿಂತ ಹೆಚ್ಚು ತಾಲೀಮು ಬೇಕು ಎಂದು ನನಗೆ ಅನ್ನಿಸಿದ್ದು ದೊಡ್ಡಪ್ಪನ ಬೈಗುಳ ಕೇಳಿ ಕೇಳಿ. ನಿಂತ ಕಾಲು ಅಲ್ಲಾಡದವನೇ ಬೇಕೆಂದು ಕಾಲು ಎತ್ತಿ ಬೀಳಬಲ್ಲ. ಕಡ್ಡಿಯಂಥವನು ಬಿದ್ದರೆ ಅದರಲ್ಲೇನು ವಿಶೇಷ?

ಹಿಂದಿಯಲ್ಲಿ ಇದೇ ಕಾಲಕ್ಕೆ ದಾರಾಸಿಂಗ್ ಇದ್ದರು. 1962ರ 'ಕಿಂಗ್ ಕಾಂಗ್' ನಂತರ ಸ್ಟಂಟ್ ಚಿತ್ರಗಳಿಗೆ ಅವರೇ ನಾಯಕ. ಅಲ್ಲಿ ಪೈಲ್ವಾನ ಬೀಳುತ್ತಿರಲಿಲ್ಲ, ಬೇರೆಯವರು ಬೀಳುತ್ತಿದ್ದರು. ನಮ್ಮಲ್ಲಿ ಆ ದಾರಿ ತೆರೆಯಲಿಲ್ಲ. ನಾಯಕರ ಪಟ್ಟ ಕಂಪನಿ ನಾಟಕದಿಂದ ಬಂದವರದಾಗಿತ್ತು. ಹಾಡು, ಮಾತು, ಅಭಿನಯ ಮೂರನ್ನೂ ರಂಗದ ಮೇಲೆ ಪಳಗಿಸಿಕೊಂಡು ಬಂದವರು. ಗರಡಿಯಿಂದ ಬಂದವನು ಪಕ್ಕಕ್ಕೆ ನಿಲ್ಲಬೇಕು. ಶಂಕರ್ ನಿಂತರು.

ಇಲ್ಲಿ ಒಂದು ಮಾತು. ನಾಯಕರಿಗೆ ಜನ ಬಿರುದು ಕೊಡುತ್ತಾರೆ, ಪೋಷಕ ನಟರಿಗೆ ಅವರ ಪಾತ್ರವೋ ಚಿತ್ರವೋ ಹೆಸರಿಗೇ ಅಂಟಿಕೊಳ್ಳುತ್ತದೆ. 1966ರ 'ತೂಗುದೀಪ' ಚಿತ್ರದಲ್ಲಿ ನಟಿಸಿದ ಶ್ರೀನಿವಾಸ್ ಸಾಯುವತನಕ ತೂಗುದೀಪ ಶ್ರೀನಿವಾಸ್. ಆ ಹೆಸರು ಈಗ ಅವರ ಮನೆತನದ ಹೆಸರೇ ಆಗಿದೆ. 'ಮುಖ್ಯಮಂತ್ರಿ' ನಾಟಕ ಮಾಡಿದ ಚಂದ್ರು ಮುಖ್ಯಮಂತ್ರಿ ಚಂದ್ರು. 'ಭೂತಯ್ಯನ ಮಗ ಅಯ್ಯು' ಚಿತ್ರದಲ್ಲಿ ಉಪ್ಪಿನಕಾಯಿಗೆ ಆಸೆಪಟ್ಟ ಲೋಕನಾಥ್ ಉಪ್ಪಿನಕಾಯಿ ಲೋಕನಾಥ್. ಒಂದು ಜೀವಮಾನದ ಕೆಲಸ ಒಂದು ಭರಣಿಯೊಳಗೆ ಅಡಕ. ಅವಮಾನವೇ, ಸನ್ಮಾನವೇ ಎಂದರೆ ಎರಡೂ. ಶಂಕರ್‌ಗೆ ಅಂಥ ಹೆಸರು ಅಂಟಲಿಲ್ಲ. ಅಂಟಿದ್ದರೆ ಎರಡಕ್ಕೆ ಪೈಪೋಟಿ ಇತ್ತು. ಒಂದು ವೀರಬಾಹು, ಇನ್ನೊಂದು ಭೂತಯ್ಯ.

ವೀರಬಾಹು ಬಂದದ್ದು 1965ರಲ್ಲಿ, 'ಸತ್ಯ ಹರಿಶ್ಚಂದ್ರ'ದಲ್ಲಿ. ನಿರ್ದೇಶನ ಮತ್ತೆ ಹುಣಸೂರು ಕೃಷ್ಣಮೂರ್ತಿ, ನಿರ್ಮಾಣ ಕೆ.ವಿ. ರೆಡ್ಡಿ. ರಾಜ್‌ಕುಮಾರ್ ಹರಿಶ್ಚಂದ್ರ, ಪಂಡರಿಬಾಯಿ ಚಂದ್ರಮತಿ, ಉದಯಕುಮಾರ್ ವಿಶ್ವಾಮಿತ್ರ, ಸಾಲ ವಸೂಲಿಗೆ ಬೆನ್ನು ಹತ್ತುವ ನಕ್ಷತ್ರಿಕನಾಗಿ ನರಸಿಂಹರಾಜು. ಇದೇ ಕಥೆಯನ್ನು ಕೆ.ವಿ. ರೆಡ್ಡಿ ಅದೇ ವರ್ಷ ತೆಲುಗಿನಲ್ಲಿ ಎನ್.ಟಿ. ರಾಮರಾವ್ ಅವರನ್ನು ಇಟ್ಟುಕೊಂಡು ತೆಗೆದರು. ಓಡಿದ್ದು ಕನ್ನಡದ್ದು.

ಹರಿಶ್ಚಂದ್ರನ ಕಥೆ ಕನ್ನಡಿಗರಿಗೆ ಹೊಸದಲ್ಲ. ಹದಿಮೂರನೇ ಶತಮಾನದ ರಾಘವಾಂಕ ಅದನ್ನು ಷಟ್ಪದಿಯಲ್ಲಿ ಹಾಡಿಬಿಟ್ಟಿದ್ದಾನೆ. ಅವನ ಕಾವ್ಯದಲ್ಲಿ ವಿಶ್ವಾಮಿತ್ರ ಕಳಿಸಿದ ಹೊಲತಿಯರು ಬಂದು ರಾಜನ ಮುಂದೆ ಹಾಡಿ, ನಮ್ಮನ್ನು ಮದುವೆಯಾಗು ಎನ್ನುತ್ತಾರೆ. ರಾಜ ಕುಲದ ಮಾತೆತ್ತುತ್ತಾನೆ. ನಮ್ಮ ಹಾಡು ಕೇಳಿದ ಕಿವಿಗೆ, ನಮ್ಮನ್ನು ನೋಡಿದ ಕಣ್ಣಿಗೆ ಇಲ್ಲದ ಹೊಲೆ ಮುಟ್ಟಿದರೆ ಮಾತ್ರ ಬರುವುದು ಹೇಗೆ ಎಂಬುದು ಆ ಹೆಣ್ಣುಮಕ್ಕಳ ವಾದ. ರಾಜ ಒಪ್ಪುವುದಿಲ್ಲ, ರಾಜ್ಯ ಬಿಡುತ್ತಾನೆ. ಕೊನೆಗೆ ಕಾಶಿಯ ಸುಡುಗಾಡಿನಲ್ಲಿ ಯಾರ ಆಳಾಗಿ ನಿಲ್ಲುತ್ತಾನೆ? ವೀರಬಾಹುವಿನ ಆಳಾಗಿ. ಕುಲ ನೋಡಿ ಮದುವೆ ಬೇಡವೆಂದವನು ಅದೇ ಕುಲದ ಒಡೆಯನಿಗೆ ಮಾರಾಟವಾಗುತ್ತಾನೆ. ಕಥೆಯ ಮರ್ಮ ಇರುವುದೇ ಇಲ್ಲಿ. ಆದ್ದರಿಂದ ವೀರಬಾಹು ಸಣ್ಣ ಪಾತ್ರವಾದರೂ ಸಣ್ಣವನು ಮಾಡುವ ಪಾತ್ರವಲ್ಲ.

ಶಂಕರ್ ಆ ಪಾತ್ರಕ್ಕೆ ತಂದದ್ದು ಮೊದಲು ಮೈ. ರಾಜ್‌ಕುಮಾರ್ ಸಣಕಲಾಗಿ, ತಲೆ ಬಾಗಿಸಿ ನಿಂತಿದ್ದರೆ ಪಕ್ಕದಲ್ಲಿ ಈ ಮೈ ಇಡೀ ಪರದೆಯನ್ನು ಆಕ್ರಮಿಸುತ್ತದೆ. ಅಲ್ಲಿಯವರೆಗೆ ಚಿತ್ರದಲ್ಲಿ ದೊಡ್ಡವರೆಂದರೆ ಅರಸರು, ಋಷಿಗಳು. ಈಗ ದೊಡ್ಡವನು ಸುಡುಗಾಡಿನವನು. ಆಮೇಲೆ ಹಾಡು. ಕುಲದ ಮೇಲು ಕೀಳನ್ನು ಗೇಲಿ ಮಾಡುವ ಆ ಹಾಡನ್ನು ಬರೆದವರು ಹುಣಸೂರು ಕೃಷ್ಣಮೂರ್ತಿ, ಸಂಗೀತ ಪೆಂಡ್ಯಾಲ ನಾಗೇಶ್ವರರಾವ್ ಅವರದು, ಹಾಡಿದವರು ಘಂಟಸಾಲ. ನಮ್ಮ ಟೆಂಟಿನಲ್ಲಿ ದಿನಾ ವೆಂಕಟೇಶನನ್ನು ಕರೆಯುತ್ತಿದ್ದ ಅದೇ ಗಂಟಲು. ಸ್ತುತಿಯೂ ಅವರದೇ, ಸುಡುಗಾಡಿನ ನಗೆಯೂ ಅವರದೇ. ಹಿನ್ನೆಲೆ ಗಾಯನಕ್ಕೆ ತುಟಿ ಆಡಿಸುವುದು ಸುಲಭವೆಂದು ಹೇಳುವವರು ಆ ಹಾಡಿನಲ್ಲಿ ಶಂಕರ್ ಅವರ ಭುಜ ನೋಡಬೇಕು. ತಾಳ ಕಾಲಿನಲ್ಲಿರುವುದಕ್ಕಿಂತ ಭುಜದಲ್ಲಿದೆ. ಅಷ್ಟು ಭಾರದ ಮನುಷ್ಯ ಅಷ್ಟು ಹಗುರಾಗಿ ಕುಣಿಯುತ್ತಾನೆ. ಗರಡಿಯಲ್ಲಿ ಜೋಡಿ ತಿರುವಿದವರಿಗೆ ಮಾತ್ರ ಬರುವ ಹಗುರ ಅದು, ಇದು ದೊಡ್ಡಪ್ಪನ ಮಾತು. ಈಗಲೂ ಯಾವ ಊರಿನ ಆರ್ಕೆಸ್ಟ್ರಾದಲ್ಲಾದರೂ ಆ ಹಾಡು ಬಂದರೆ ಮುದುಕರೂ ಏಳುತ್ತಾರೆ. ಹಾಡಿದ್ದು ಯಾರೆಂದು ಕೆಲವರಿಗೆ ಗೊತ್ತು, ಕುಣಿದದ್ದು ಯಾರೆಂದು ಕಣ್ಣ ಮುಂದೆ ಬರುತ್ತದೆ, ಹೆಸರು ಬಾಯಿಗೆ ಬರುವುದಿಲ್ಲ.

ಇನ್ನೊಂದು ಗಮನಿಸಿ. ವೀರಬಾಹುವನ್ನು ಯಾರೂ ಹೊಡೆಯುವುದಿಲ್ಲ. ನಾಯಕನೇ ಅವನ ಆಳು.

ಭೂತಯ್ಯನನ್ನೂ ಯಾರೂ ಹೊಡೆಯುವುದಿಲ್ಲ. ಗೊರೂರು ರಾಮಸ್ವಾಮಿ ಅಯ್ಯಂಗಾರರ ಕಥೆಯನ್ನು ಸಿದ್ದಲಿಂಗಯ್ಯ 1974ರಲ್ಲಿ 'ಭೂತಯ್ಯನ ಮಗ ಅಯ್ಯು' ಮಾಡಿದಾಗ ಚಿಕ್ಕಮಗಳೂರು ಹತ್ತಿರದ ಕಳಸಾಪುರದಲ್ಲಿ ಚಿತ್ರೀಕರಣ ನಡೆಯಿತು. ಲೋಕೇಶ್ ಅಯ್ಯು, ವಿಷ್ಣುವರ್ಧನ್ ಗುಳ್ಳ. ಭೂತಯ್ಯ ಎಂ.ಪಿ. ಶಂಕರ್. ಊರನ್ನೆಲ್ಲ ಸಾಲದಲ್ಲಿ ಹಿಡಿದಿಟ್ಟ ಸಾಹುಕಾರ. ಅವನಿಗೆ ತೋಳ್ಬಲ ಬೇಕಿಲ್ಲ, ಪತ್ರ ಸಾಕು. ಪೈಲ್ವಾನನ ಮೈಯನ್ನು ಹೀಗೆ ಸುಮ್ಮನೆ ಕೂರಿಸಿ ಅದರಿಂದಲೇ ಹೆದರಿಸಬಹುದು ಎಂದು ಕಂಡುಕೊಂಡದ್ದು ಸಿದ್ದಲಿಂಗಯ್ಯನವರ ಜಾಣತನ. ಎದ್ದು ಹೊಡೆಯುವವನಿಗಿಂತ ಹೊಡೆಯಬಲ್ಲವನು ಕೂತಿದ್ದರೆ ಭಯ ಹೆಚ್ಚು. ನಮ್ಮ ಕಡೆ ಭತ್ತದ ಕಣಕ್ಕೆ ಬಂದು ಅಳತೆಗೆ ಮುಂಚೆಯೇ ತನ್ನ ಪಾಲಿನ ಚೀಲ ಎತ್ತಿಸುತ್ತಿದ್ದ ಸಾಹುಕಾರರನ್ನು ಕಂಡವರಿಗೆ ಆ ಪಾತ್ರ ಹೊಸ ಪರಿಚಯವಾಗಿರಲಿಲ್ಲ. ಟೆಂಟಿನಲ್ಲಿ ಆ ಚಿತ್ರ ಬಂದಾಗ ಸೀಟಿ ಇರಲಿಲ್ಲ. ಹೆಂಗಸರ ಕಡೆಯಿಂದ ಶಾಪ ಹಾಕುವುದು ಕೇಳಿಸುತ್ತಿತ್ತು. ಖಳ ನಟನಿಗೆ ಅದಕ್ಕಿಂತ ದೊಡ್ಡ ಪ್ರಶಸ್ತಿ ಯಾವುದಿದೆ?

ಭೂತಯ್ಯ ಚಿತ್ರದ ನಡುವೆಯೇ ಸಾಯುತ್ತಾನೆ. ಆಮೇಲೆ ಉಳಿದ ಕಥೆಯೆಲ್ಲ ಮಗನದು, ಗುಳ್ಳನದು, ಕೋರ್ಟಿನದು. ಆದರೆ ಸತ್ತವನು ಚಿತ್ರ ಬಿಟ್ಟು ಹೋಗುವುದಿಲ್ಲ. ಅಯ್ಯು ಎಷ್ಟು ಬದಲಾದರೂ ಭೂತಯ್ಯನ ಮಗನೇ. ಪೋಷಕ ನಟನೊಬ್ಬ ಅರ್ಧ ಚಿತ್ರ ಇಲ್ಲದೆಯೂ ಪೋಸ್ಟರಿನ ಮೇಲಿನ ಹೆಸರಿನಲ್ಲಿ ಮೊದಲ ಶಬ್ದವಾಗಿ ಉಳಿದ ಉದಾಹರಣೆ ನನಗೆ ಬೇರೆ ನೆನಪಾಗುತ್ತಿಲ್ಲ.

ಈ ಎರಡು ಪಾತ್ರಗಳ ನಡುವೆ ಮತ್ತು ಆಚೀಚೆ ನೂರಾರು ಬೀಳುಗಳಿವೆ. ಅವುಗಳ ಲೆಕ್ಕ ಹಿಡಿಯುವುದು ಬೇಡ.

ಖಳನ ಪಾತ್ರದ ಬಗ್ಗೆ ನಮ್ಮ ಊರುಗಳ ಧೋರಣೆಯೇ ಬೇರೆ ಎನ್ನುವುದನ್ನು ಮಾತ್ರ ಹೇಳಬೇಕು. ಯುಗಾದಿಗೋ ಜಾತ್ರೆಗೋ ಊರ ಹುಡುಗರು ಸಾಮಾಜಿಕ ನಾಟಕ ಕಲಿಯುತ್ತಾರೆ. ಸೀನರಿ ಬಾಡಿಗೆಗೆ, ಹಾರ್ಮೋನಿಯಂ ಮಾಸ್ತರು ಪಕ್ಕದೂರಿನಿಂದ, ಪಾತ್ರಧಾರಿಣಿಯರು ದಾವಣಗೆರೆ ಕಡೆಯ ನಾಟಕ ಕಂಪನಿಯವರು. ಪಾತ್ರ ಹಂಚುವ ದಿನ ಜಗಳ ಹತ್ತುವುದು ನಾಯಕನ ಪಾತ್ರಕ್ಕಲ್ಲ. ನಾಯಕ ಅಳಬೇಕು, ತಂಗಿ ಮದುವೆ ಮಾಡಬೇಕು, ಕೊನೆಯವರೆಗೂ ಒಳ್ಳೆಯವನಾಗಿರಬೇಕು. ಗೌಡನ ಪಾತ್ರ, ಅಂದರೆ ಖಳನ ಪಾತ್ರ, ಯಾರಿಗೆ ಎಂಬುದೇ ಜಗಳ. ಕಪ್ಪು ಕನ್ನಡಕ, ಜರಿ ಶಲ್ಯ, ಪ್ರವೇಶಕ್ಕೆ ಪಟಾಕಿ. ನಾನೂ ಒಮ್ಮೆ ಕೇಳಿದ್ದೆ. ನನ್ನ ಮೈಕಟ್ಟು ನೋಡಿ ಪೋಸ್ಟ್‌ಮ್ಯಾನ್ ಪಾತ್ರ ಕೊಟ್ಟರು. ಎರಡು ಮಾತು ಇತ್ತು, ಒಂದನ್ನು ಮರೆತೆ.

ಇದೇ ಸೀಮೆಗೆ ಹತ್ತಿರದ ಭದ್ರಾವತಿಯ ಉಕ್ಕಿನ ಕಾರ್ಖಾನೆಯಲ್ಲಿ ಕೆಲಸ ಮಾಡುತ್ತಿದ್ದ ದೊಡ್ಡಣ್ಣ ಬಿಡುವಿನಲ್ಲಿ ನಾಟಕ ಆಡುತ್ತ ಆಡುತ್ತ ಸಿನಿಮಾಕ್ಕೆ ಹೋದರು. ಮೊದಲು ಖಳ, ಆಮೇಲೆ ಹಾಸ್ಯ. ಕುಲುಮೆ ಕಂಡ ಮೈಗೂ ಗರಡಿ ಕಂಡ ಮೈಗೂ ಪರದೆ ಮೇಲೆ ಒಂದು ಸಂಬಂಧ ಇದೆ ಎಂದು ನನ್ನ ಅನುಮಾನ. ದುಡಿದ ದೇಹವನ್ನು ಕ್ಯಾಮೆರಾದ ಮುಂದೆ ಬಚ್ಚಿಡಲು ಆಗುವುದಿಲ್ಲ.

ಶಂಕರ್ ಬೀಳುತ್ತಲೇ ಮುಗಿಸಿದ್ದರೆ ನಾನು ಇದನ್ನು ಬರೆಯುತ್ತಿರಲಿಲ್ಲ. ಅವರು ಇನ್ನೊಂದು ಕೆಲಸ ಮಾಡಿದರು. ತಾನೇ ಚಿತ್ರ ತೆಗೆಯತೊಡಗಿದರು, ಕಾಡಿಗೆ ಹೋದರು.

ತಮಿಳಿನಲ್ಲಿ ಇದಕ್ಕೊಂದು ಮಾದರಿ ಇತ್ತು. ಕೊಯಮತ್ತೂರು ಕಡೆಯ ಸ್ಯಾಂಡೊ ಚಿನ್ನಪ್ಪ ದೇವರ್ ಕೂಡ ಮೈ ಬೆಳೆಸಿದ ಜಟ್ಟಿ. ಸಣ್ಣಪುಟ್ಟ ಪಾತ್ರ ಮಾಡುತ್ತಿದ್ದವರು ನಿರ್ಮಾಪಕರಾಗಿ, ಎಂ.ಜಿ.ಆರ್. ಚಿತ್ರಗಳನ್ನು ಸಾಲಾಗಿ ತೆಗೆದು, 1971ರಲ್ಲಿ ರಾಜೇಶ್ ಖನ್ನಾ ಜೊತೆ ಆನೆಗಳನ್ನು ನಿಲ್ಲಿಸಿ 'ಹಾಥಿ ಮೇರೆ ಸಾಥಿ' ಮಾಡಿದರು. ಪ್ರಾಣಿ ಇದ್ದರೆ ಮಕ್ಕಳು ಬರುತ್ತಾರೆ, ಮಕ್ಕಳು ಬಂದರೆ ಮನೆಮಂದಿ ಬರುತ್ತಾರೆ. ಜಟ್ಟಿಗಳಿಗೂ ಆನೆಗಳಿಗೂ ಏನು ನಂಟೋ. ತಮ್ಮ ಗಾತ್ರದ ಕಷ್ಟಸುಖ ತಿಳಿಯುವ ಜೀವ ಅದೊಂದೇ ಎಂದಿರಬಹುದು.

ಶಂಕರ್ ಅವರ ಕಾಡಿನ ಹಾದಿ 1969ರ 'ಕಾಡಿನ ರಹಸ್ಯ'ದ ಹೊತ್ತಿಗೇ ಕಾಣುತ್ತದೆ. ಆದರೆ ಎಲ್ಲರ ನಾಲಿಗೆಯ ಮೇಲೆ ಉಳಿದದ್ದು 1973ರ 'ಗಂಧದ ಗುಡಿ'. ನಿರ್ಮಾಪಕ ಎಂ.ಪಿ. ಶಂಕರ್, ನಿರ್ದೇಶಕ ವಿಜಯ್, ಸಂಗೀತ ರಾಜನ್-ನಾಗೇಂದ್ರ. ರಾಜ್‌ಕುಮಾರ್ ಅವರ 150ನೇ ಚಿತ್ರ, ಅರಣ್ಯಾಧಿಕಾರಿಯ ಪಾತ್ರ. ಎದುರಿಗೆ ವಿಷ್ಣುವರ್ಧನ್, ಜೊತೆಗೆ ಕಲ್ಪನಾ, ಮರಗಳ್ಳತನದ ಹಿಂದಿನ ಕೈಯಾಗಿ ಬಾಲಕೃಷ್ಣ. ಆರು ವರ್ಷದ ನಂತರ ಧರ್ಮೇಂದ್ರ ಅದನ್ನೇ ಹಿಂದಿಯಲ್ಲಿ 'ಕರ್ತವ್ಯ' ಮಾಡಿದರು.

ಆ ಚಿತ್ರದ ಇಸವಿಯನ್ನು ಇನ್ನೊಮ್ಮೆ ನೋಡಿ. ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದದ್ದು 1972ರಲ್ಲಿ. ಹುಲಿ ಯೋಜನೆ ಶುರುವಾದದ್ದು 1973ರ ಏಪ್ರಿಲ್ 1ಕ್ಕೆ, ಮೊದಲ ಒಂಬತ್ತು ಹುಲಿ ಸಂರಕ್ಷಿತ ಪ್ರದೇಶಗಳಲ್ಲಿ ಬಂಡೀಪುರವೂ ಒಂದು. ಅಲ್ಲಿಯವರೆಗೆ ಸಿನಿಮಾದ ಕಾಡು ಎಂದರೆ ಬೇಟೆಗೋ ಪ್ರಣಯಕ್ಕೋ ಇದ್ದ ಜಾಗ. ನಾಯಕ ಹುಲಿ ಹೊಡೆದರೆ ಶೂರ. ಇಲ್ಲಿ ನಾಯಕ ಹುಲಿ ಕಾಯುವವನು, ಮರ ಕಾಯುವವನು. ಸರ್ಕಾರದ ಕಾಗದಗಳಲ್ಲಿ ಆಗತಾನೇ ಮೂಡುತ್ತಿದ್ದ ಮಾತು ಮೈಸೂರಿನ ಪೈಲ್ವಾನನ ಬಂಡವಾಳದಲ್ಲಿ ಟೆಂಟಿನ ಪರದೆಗೆ ಬಂತು. ನಮ್ಮೂರಿನಲ್ಲಿ ಅರಣ್ಯ ಇಲಾಖೆಯವರೆಂದರೆ ನೇಗಿಲಿಗೆ ಮರ ಕಡಿದವರನ್ನು ಹಿಡಿಯುವ ಖಾಕಿಯವರು ಎಂದಷ್ಟೇ ತಿಳಿದಿದ್ದ ಜನ ಆ ಚಿತ್ರ ನೋಡಿ ಬಂದು ಒಂದು ವಾರ ಗಾರ್ಡ್‌ಗೆ ನಮಸ್ಕಾರ ಹಾಕಿದರು. ಎರಡನೇ ವಾರ ಮಾಮೂಲು.

ಈ ಸಾಧನೆಯಲ್ಲಿ ನನಗೆ ಹಿಡಿಸುವುದು ಬೇರೆಯೇ ಸಂಗತಿ. ಕೈಯಲ್ಲಿ ದುಡ್ಡು, ಕಥೆ, ಕಾಡು ಎಲ್ಲ ಇದ್ದ ನಿರ್ಮಾಪಕ ತನ್ನನ್ನೇ ನಾಯಕ ಮಾಡಿಕೊಳ್ಳಬಹುದಿತ್ತು. ಬೇರೆ ಕಡೆ ಹಾಗೆ ಮಾಡಿಕೊಂಡು ಮುಳುಗಿದವರಿದ್ದಾರೆ. ಶಂಕರ್ ತಕ್ಕಡಿಯ ಎರಡು ತಟ್ಟೆಯನ್ನೂ ಬಲ್ಲವರು. ಯಾವ ಕಲ್ಲಿಗೆ ಎಷ್ಟು ತೂಕ ಎಂದು ಇಷ್ಟು ವರ್ಷ ಕಲ್ಲಾಗಿದ್ದವನಿಗೆ ಗೊತ್ತಿಲ್ಲದೆ ಇರುತ್ತದೆಯೇ? ಮುಂದೆ ರಾಜ್‌ಕುಮಾರ್ ಅವರನ್ನು ನಿಲ್ಲಿಸಿ ತಾನು ಹಿಂದೆ ನಿಂತರು. ಅವರ ಮಾತಿನ ದಾಖಲೆ ನನ್ನ ಬಳಿ ಇಲ್ಲ, ಅವರ ಚಿತ್ರ ಹೇಳುವುದು ಇಷ್ಟು. 'ಗಂಧದ ಗುಡಿ' ಎಂಬ ಎರಡು ಶಬ್ದ ಆಮೇಲೆ ಕರ್ನಾಟಕಕ್ಕೆ ಇನ್ನೊಂದು ಹೆಸರೇ ಆಗಿಹೋಯಿತು. 1994ರಲ್ಲಿ ಎರಡನೇ ಭಾಗ ಬಂತು, ರಾಜ್‌ಕುಮಾರ್ ಅವರ ಮಗ ಶಿವರಾಜ್‌ಕುಮಾರ್ ಅದರ ನಾಯಕ. 2022ರಲ್ಲಿ ಕಿರಿಯ ಮಗ ಪುನೀತ್ ಅವರ ಕೊನೆಯ ಚಿತ್ರವಾದ ಸಾಕ್ಷ್ಯಚಿತ್ರವೂ ಅದೇ ಹೆಸರಿನಲ್ಲಿ ತೆರೆಕಂಡಿತು. ಒಂದೇ ಮನೆಯ ಮೂವರು ಆ ಹೆಸರಿನಡಿ ಕಾಡು ಸುತ್ತಿದ್ದಾರೆ. ಹೆಸರನ್ನು ಮೊದಲು ಪರದೆಗೆ ತಂದ ನಿರ್ಮಾಪಕ ಯಾರೆಂದು ನಮ್ಮ ಕಾಲೇಜು ಹುಡುಗರನ್ನು ಕೇಳಿ ನೋಡಿದ್ದೇನೆ. ಉತ್ತರ ಬರಲಿಲ್ಲ ಎಂದರೆ ಅವರನ್ನು ಬೈದಂತಾಗುತ್ತದೆ. ನಾವು ಹೇಳಿಕೊಟ್ಟಿಲ್ಲ.

2008ರ ಏಪ್ರಿಲ್‌ನಲ್ಲಿ 'ಸತ್ಯ ಹರಿಶ್ಚಂದ್ರ'ಕ್ಕೆ ಕಂಪ್ಯೂಟರಿನಲ್ಲಿ ಬಣ್ಣ ಹಚ್ಚಿ ಮತ್ತೆ ಬಿಡುಗಡೆ ಮಾಡಿದರು. ದಕ್ಷಿಣ ಭಾರತದಲ್ಲಿ ಹಾಗೆ ಬಣ್ಣ ಕಂಡ ಮೊದಲ ಕಪ್ಪು-ಬಿಳುಪು ಚಿತ್ರ ಅದು. ದೊಡ್ಡಪ್ಪನಿಗೆ ಆಗ ಎಂಬತ್ತರ ಹತ್ತಿರ. ಮಂಡಿ ನೋವು. ಒಂದು ಕಾಲದಲ್ಲಿ ಸಾವಿರ ಬಸ್ಕಿ ಹೊಡೆದ ಮಂಡಿಗಳು ಲೆಕ್ಕ ಚುಕ್ತಾ ಮಾಡಿಕೊಳ್ಳುತ್ತಿದ್ದವು. ಬಸ್ಸಿನಲ್ಲಿ ಕರೆದುಕೊಂಡು ಹೋದೆ. ಹರಿಶ್ಚಂದ್ರನ ಅರಮನೆ, ಆಸ್ಥಾನ, ವಿಶ್ವಾಮಿತ್ರನ ಸಿಟ್ಟು, ಎಲ್ಲದಕ್ಕೂ ತೂಕಡಿಸುತ್ತಿದ್ದ. ನಕ್ಷತ್ರಿಕ ಬಂದಾಗ ಒಮ್ಮೆ ನಕ್ಕ. ಸುಡುಗಾಡು ಬಂದಾಗ ಎದ್ದು ಸರಿಯಾಗಿ ಕೂತ.

'ಬಂದ ನೋಡು.'

ವೀರಬಾಹುವಿನ ಮೈಗೆ ಬಣ್ಣ ಬಂದಿತ್ತು. ಹಾಡು ಮುಗಿಯುವವರೆಗೆ ದೊಡ್ಡಪ್ಪನ ಬಲಗೈ ತೊಡೆಯ ಮೇಲೆ ತಾಳ ಹಾಕುತ್ತಿತ್ತು. ತೊಡೆ ತಟ್ಟುವುದು ಕುಸ್ತಿಯವರ ಅಭ್ಯಾಸ, ತಾಳವೋ ಸವಾಲೋ ಹೇಳಲಾರೆ. ಆ ಭಾಗ ಮುಗಿದ ಮೇಲೆ ನನ್ನ ಕಿವಿ ಹತ್ತಿರ ಬಂದು, 'ಇದ್ರಾಗ ಇಂವನ್ನ ಯಾರೂ ಕೆಡವಂಗಿಲ್ಲ, ಅಲ್ವೇನೋ ತಮ್ಮ' ಎಂದ. ಇಲ್ಲ ಎಂದೆ. ಹರಿಶ್ಚಂದ್ರನ ಸತ್ತ ಮಗ ಲೋಹಿತಾಶ್ವ ಮತ್ತೆ ಬದುಕುವವರೆಗೆ ಕಾಯಲಿಲ್ಲ ಅವನು. ಹೊರಗೆ ಹೋಗಿ ಚಹಾ ಕುಡಿದೆವು.

ಮೂರು ತಿಂಗಳ ಮೇಲೆ, ಜುಲೈ 17ರಂದು, ಎಂ.ಪಿ. ಶಂಕರ್ ಮೈಸೂರಿನಲ್ಲಿ ತೀರಿಕೊಂಡರು. ಎಪ್ಪತ್ತೆರಡು ವರ್ಷ. ಮರುದಿನ ಮಳೆ ಹಿಡಿದಿತ್ತು, ಪೇಪರು ನಮ್ಮೂರಿಗೆ ತಡವಾಗಿ ಬಂತು, ಅಂಚು ನೆನೆದಿತ್ತು. ದೊಡ್ಡಪ್ಪನಿಗೆ ಕಣ್ಣು ಮಂಜು. ಪಡಸಾಲೆಯಲ್ಲಿ ಕಂಬಕ್ಕೆ ಒರಗಿ ಕೂತು ಓದು ಎಂದ. ಓದಿದೆ. ಹುಟ್ಟಿದ್ದು, ಚಿತ್ರಗಳ ಹೆಸರು, ಗಂಧದ ಗುಡಿ, ಭೂತಯ್ಯ, ಗಣ್ಯರ ಸಂತಾಪ.

'ಕುಸ್ತಿ ಆಡ್ತಿದ್ದ ಅಂತ ಬರ್ದಾರೇನು?'

ಮತ್ತೊಮ್ಮೆ ಮೇಲಿನಿಂದ ನೋಡಿದೆ. ಎರಡನೇ ಸಾಲಿನಲ್ಲೇ ಇತ್ತು.

'ಬರ್ದಾರ.'

'ಹ್ಞೂಂ' ಎಂದು ನಶ್ಯದ ಡಬ್ಬಿಗೆ ಕೈ ಹಾಕಿದ.